ಸೇರುಕಲ್ಲಿನಿಂದ ಚೀಟಿ ಕಾಂಟಾದವರೆಗೆ

ರಮಝಾನ್ ಮುಗಿದು ಹದಿನೈದು ದಿನವಾಗಿತ್ತು. ಜುಮುಅ ನಮಾಝ್ ಆದ ಮೇಲೆ ಎಲ್ಲರೂ ಹೋದರೂ ಒಬ್ಬ ಯುವಕ ಮಾತ್ರ ಕಂಬಕ್ಕೆ ಒರಗಿ ಕುಳಿತೇ ಇದ್ದ. ಆಳಂದ, ಅಫಜಲಪುರ, ಜೇವರ್ಗಿ ಈ ಮೂರು ತಾಲೂಕುಗಳಲ್ಲಿ ಒಂದು ಊರಿನವನು. ಹೆಸರು, ಊರು ಬೇಡ. ಅವನ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇನೆ. ಕಿರಾಣಿ, ಖರ್ಜೂರ, ಡ್ರೈ ಫ್ರೂಟ್ ಮಾರುವ ಅಂಗಡಿ ಅವನದು.

"ಹಜರತ್, ಹೊಸಾ ಕಾಂಟಾ ತಂದೀನಿ. ತೂಕಾನೂ ಅದೇ ತೋರಸ್ತದ, ರೇಟೂ ಅದೇ ಹಾಕ್ತದ, ಚೀಟಿನೂ ಅದೇ ಹೊಡಿತದ. ನಾ ಕೈ ಹಚ್ಚಂಗೇ ಇಲ್ಲ. ಆದ್ರ ಖರ್ಜೂರದ ಡಬ್ಬಿ ತೂಕ ಕಳಿಲಾರದೇ ಮಾರೀನಿ. ಮೊನ್ನಿ ಗೊತ್ತಾತು. ಇದು ನನ್ನ ತಪ್ಪೋ, ಮಷೀನಿಂದೋ?"

ನಾನು ತಕ್ಷಣ ಉತ್ತರ ಕೊಡಲಿಲ್ಲ. ಒಂದು ವಾರ ಸಮಯ ಕೇಳಿದೆ. ಆ ವಾರ ಕಿತಾಬುಗಳನ್ನು ನೋಡಿದೆ, ಅಂಗಡಿಗಳಲ್ಲಿ ನಿಂತು ನೋಡಿದೆ, ನಮ್ಮ ಮನೆಯ ಗೂಡಿನಲ್ಲಿಟ್ಟ ಒಂದು ಹಳೆಯ ಕಲ್ಲನ್ನೂ ತೆಗೆದು ನೋಡಿದೆ. ಮುಂದಿನ ಜುಮುಅದ ಖುತ್ಬಾ ಅದರ ಮೇಲೆಯೇ ಆಯಿತು. ಅಂದು ಸಮಯದ ಅಭಾವದಿಂದ ಹೇಳಲಾಗದೆ ಉಳಿದ ಇತಿಹಾಸವನ್ನೂ ಸೇರಿಸಿ ಇಲ್ಲಿ ಬರೆದಿದ್ದೇನೆ.

ಅಲ್ಪವೆಂಬ ಪದ

ಪವಿತ್ರ ಕುರ್‌ಆನಿನ 83ನೇ ಅಧ್ಯಾಯದ ಹೆಸರೇ 'ಅಲ್ ಮುತಫ್ಫಿಫೀನ್'. ಅಳತೆ ತೂಕದಲ್ಲಿ ಕಡಿತ ಮಾಡುವವರು ಎಂದು ನಾವು ಅರ್ಥ ಹೇಳುತ್ತೇವೆ. ಆದರೆ ಈ ಪದದ ಮೂಲವನ್ನು ಗಮನಿಸಬೇಕು. ಅರಬಿಯಲ್ಲಿ 'ತಫೀಫ್' ಎಂದರೆ ಅಲ್ಪವಾದದ್ದು, ಲೆಕ್ಕಕ್ಕೆ ಬಾರದಷ್ಟು ಚಿಕ್ಕದು. ಮೂಟೆಗಟ್ಟಲೆ ಕದಿಯುವವನಿಗೆ ಬೇರೆ ಹೆಸರಿದೆ, ಅವನು ಕಳ್ಳ. ಮುತಫ್ಫಿಫ್ ಎಂದರೆ ಒಂದು ಹಿಡಿಯಲ್ಲಿ ನಾಲ್ಕು ಕಾಳು ಉಳಿಸಿಕೊಳ್ಳುವವನು. ತಾನು ಪಡೆಯುವಾಗ ತುಂಬಿಸಿಕೊಂಡು, ಕೊಡುವಾಗ ಕೊಂಚ ಮುರಿದು ಕೊಡುವವನು. ಗಿರಾಕಿಗೆ ಗೊತ್ತೇ ಆಗುವುದಿಲ್ಲ, ಗೊತ್ತಾದರೂ ಇಷ್ಟಕ್ಕೆ ಜಗಳವೇಕೆ ಎಂದು ಸುಮ್ಮನಾಗುತ್ತಾನೆ. ಇಂಥ ಅಲ್ಪಕ್ಕೆ ಅಲ್ಲಾಹನು ಒಂದು ಅಧ್ಯಾಯವನ್ನೇ ಇಳಿಸಿ, ಕಠಿಣ ಎಚ್ಚರಿಕೆ ಕೊಟ್ಟು, ಎದ್ದು ನಿಲ್ಲಬೇಕಾದ ಆ ಮಹಾದಿನವನ್ನು ನೆನಪಿಸಿದ್ದಾನೆ.

ಹ. ಶುಐಬ್(ಅ)ರ ಜನಾಂಗವಾದ ಮದ್‌ಯನ್‌ನವರ ಕಥೆ ನಮಗೆಲ್ಲ ಗೊತ್ತು. ವ್ಯಾಪಾರದ ಹಾದಿಯಲ್ಲಿದ್ದ ಊರದು. ಅವರಿಗೆ ತೌಹೀದಿನ ಜೊತೆಗೇ ಕೊಟ್ಟ ಬೋಧನೆ ಅಳತೆ ತೂಕದ್ದು. ನಮಾಝ್ ಮಸೀದಿಗೆ, ತಕ್ಕಡಿ ಅಂಗಡಿಗೆ ಎಂದು ಬೇರೆ ಮಾಡುವವರಿಗೆ ಆ ಕಥೆಯಲ್ಲಿ ಉತ್ತರವಿದೆ.

ಪ್ರವಾದಿ(ಸ)ರು ಮದೀನಕ್ಕೆ ಬಂದಾಗ ಅಲ್ಲಿನ ಅಳತೆಯ ಪರಿಸ್ಥಿತಿ ಬಹಳ ಕೆಟ್ಟಿತ್ತು, ಈ ಅಧ್ಯಾಯ ಬಂದ ಮೇಲೆ ಜನ ತಿದ್ದಿಕೊಂಡರು ಎಂದು ಹ. ಇಬ್ನು ಅಬ್ಬಾಸ್(ರ)ರಿಂದ ವರದಿಯಿದೆ. ತೂಕಕ್ಕೆ ಮಕ್ಕಾದವರ ತೂಕವೇ ಪ್ರಮಾಣ, ಅಳತೆಗೆ ಮದೀನದವರ ಅಳತೆಯೇ ಪ್ರಮಾಣ ಎಂಬ ಆಶಯದ ಹದೀಸ್ ಅಬೂದಾವೂದ್‌ನಲ್ಲಿದೆ. ಇದಕ್ಕೆ ಕಾರಣ ಸರಳ. ಮಕ್ಕಾದವರು ವ್ಯಾಪಾರಿಗಳು, ಅವರ ಕೈಯಲ್ಲಿ ಓಡಾಡುತ್ತಿದ್ದದ್ದು ಬೆಳ್ಳಿ ಬಂಗಾರ. ಅದಕ್ಕೆ ತೂಕ ಬೇಕು. ಮದೀನದವರು ರೈತರು, ಅವರ ಮನೆಯಲ್ಲಿದ್ದದ್ದು ಖರ್ಜೂರ ಮತ್ತು ಜವೆಗೋಧಿ. ಅದಕ್ಕೆ ಅಳತೆಯ ಪಾತ್ರೆ ಬೇಕು. ಯಾವ ಊರಿನವರು ಯಾವುದರಲ್ಲಿ ಪಳಗಿದ್ದರೋ ಅದನ್ನೇ ಎಲ್ಲರಿಗೂ ಮಾನದಂಡವಾಗಿ ಮಾಡಲಾಯಿತು. 'ಒಂದು ದೇಶಕ್ಕೆ ಒಂದೇ ತೂಕ' ಎಂದು ನಾವು ಇಂದು ಹೇಳುವ ಮಾತಿನ ಬೀಜ ಅಲ್ಲಿದೆ.

ಇನ್ನೊಂದು ಹದೀಸನ್ನೂ ಮರೆಯಬಾರದು. ಬೆಲೆಯ ಬೆಳ್ಳಿಯನ್ನು ತೂಗುತ್ತಿದ್ದವನಿಗೆ ಪ್ರವಾದಿ(ಸ)ರು, ತೂಗು, ಪಡೆಯುವವನ ಕಡೆಗೆ ತುಸು ತಗ್ಗಿಸಿಯೇ ತೂಗು ಎಂಬ ಅರ್ಥದಲ್ಲಿ ಹೇಳಿದರು. ನಮ್ಮ ದಖನಿಯಲ್ಲಿ ಹಿರಿಯರು 'ಝುಕ್ತಾ ತೋಲ್' ಎನ್ನುತ್ತಿದ್ದರಲ್ಲ, ಅದು ಇದೇ. ಈ ಮಾತನ್ನು ನೆನಪಿನಲ್ಲಿಟ್ಟುಕೊಳ್ಳಿ, ಕೊನೆಯಲ್ಲಿ ಬೇಕಾಗುತ್ತದೆ.

ಮಾರುಕಟ್ಟೆಯ ಕಾವಲುಗಾರ

ಖಿಲಾಫತ್ತಿನ ಕಾಲದಲ್ಲಿ ನಾಣ್ಯ, ತೂಕ, ಅಳತೆ ಎಲ್ಲವೂ ವ್ಯವಸ್ಥೆಗೆ ಬಂದವು. ಉಮವಿ ಖಲೀಫ ಅಬ್ದುಲ್ ಮಲಿಕ್ ಬಿನ್ ಮರ್ವಾನ್ ಹಿಜರಿ 77ರಲ್ಲಿ, ಅಂದರೆ ಕ್ರಿ.ಶ. 696-97ರಲ್ಲಿ, ಹೊಸ ದೀನಾರ್ ಹೊರಡಿಸಿದರು. ಅದರ ತೂಕ ಸುಮಾರು 4.25 ಗ್ರಾಮ್. ನಾಣ್ಯ ಸವೆದಿದೆಯೇ ಎಂದು ಪರೀಕ್ಷಿಸಲು ಈಜಿಪ್ಟಿನಲ್ಲಿ ಗಾಜಿನ ಬೊಟ್ಟುಗಳನ್ನು ಮಾಡಿ, ಮೇಲೆ ಅಧಿಕಾರಿಯ ಹೆಸರು ಒತ್ತುತ್ತಿದ್ದರು. ಗಾಜು ತುಕ್ಕು ಹಿಡಿಯುವುದಿಲ್ಲ. ಯಾರಾದರೂ ಕೆತ್ತಿದರೆ ಗುರುತು ಉಳಿಯುತ್ತದೆ.

ಮಾರುಕಟ್ಟೆ ನೋಡಿಕೊಳ್ಳಲು 'ಮುಹ್ತಸಿಬ್' ಎಂಬ ಅಧಿಕಾರಿಯಿದ್ದ. 12ನೇ ಶತಮಾನದಲ್ಲಿ ಶಾಮ್ ದೇಶದ ಅಶ್‌ಶೈಝರಿ ಎಂಬವರು ಈ ಅಧಿಕಾರಿಗಳಿಗಾಗಿಯೇ ಒಂದು ಕೈಪಿಡಿ ಬರೆದರು. ತೂಕದ ಗುಂಡುಗಳು ಕಬ್ಬಿಣದ್ದಾಗಿರಬೇಕು, ಕಲ್ಲಿನದಾಗಬಾರದು, ಏಕೆಂದರೆ ಕಲ್ಲು ಒಂದಕ್ಕೊಂದು ತಾಗಿ ಚಕ್ಕೆ ಎದ್ದು ಹಗುರಾಗುತ್ತದೆ ಎನ್ನುತ್ತಾರೆ ಅವರು. ಕಬ್ಬಿಣ ಸಿಗದೆ ಕಲ್ಲನ್ನೇ ಬಳಸಬೇಕಾದರೆ ಚರ್ಮ ಹೊದಿಸಿ, ಪರೀಕ್ಷಿಸಿ, ಮುದ್ರೆ ಹಾಕಬೇಕು. ತಕ್ಕಡಿಯ ತಟ್ಟೆಯನ್ನು ಆಗಾಗ ಒರೆಸಬೇಕು, ಒಂದು ಹನಿ ಎಣ್ಣೆ ಹೆಪ್ಪುಗಟ್ಟಿದರೂ ತೂಕ ಕೆಡುತ್ತದೆ. ತೂಗುವಾಗ ತಟ್ಟೆ ನಿಲ್ಲುವವರೆಗೆ ಕಾಯಬೇಕು, ಅಂಚಿಗೆ ಹೆಬ್ಬೆರಳು ತಾಗಿಸಬಾರದು. ಸುಮಾರು ಎಂಟುನೂರು ವರ್ಷಗಳ ಹಿಂದಿನ ಈ ಸೂಚನೆಗಳನ್ನು ಓದುವಾಗ ನಮ್ಮ ಸಂತೆಯನ್ನೇ ನೋಡಿ ಬರೆದರೇನೋ ಅನ್ನಿಸುತ್ತದೆ.

ಅದೇ ಶತಮಾನದಲ್ಲಿ, 1121ರ ಸುಮಾರಿಗೆ, ಮರ್ವ್ ನಗರದಲ್ಲಿ ಅಲ್ ಖಾಝಿನಿ ಎಂಬ ವಿದ್ವಾಂಸರು 'ಮೀಝಾನುಲ್ ಹಿಕ್ಮ' ಎಂಬ ಗ್ರಂಥ ಬರೆದರು. ಅವರು ಗುಲಾಮಗಿರಿಯಿಂದ ಬಿಡುಗಡೆ ಪಡೆದವರು. ವಸ್ತುವನ್ನು ಗಾಳಿಯಲ್ಲಿಯೂ ನೀರಿನಲ್ಲಿಯೂ ತೂಗಿ, ಬಂಗಾರದಲ್ಲಿ ಬೆರಕೆ ಇದೆಯೇ ಎಂದು ಕಂಡುಹಿಡಿಯುವ ತಕ್ಕಡಿಯನ್ನು ಅವರು ಅದರಲ್ಲಿ ವಿವರಿಸಿದ್ದಾರೆ. ನ್ಯಾಯ ಕೊಡಬೇಕೆಂಬ ಕಾಳಜಿ ಇದ್ದಲ್ಲಿ ಯಂತ್ರವೂ ಸುಧಾರಿಸುತ್ತದೆ ಎಂಬುದಕ್ಕೆ ಇದು ಸಾಕ್ಷಿ.

ನಮ್ಮ ನೆಲದ ಕೊಳಗ, ಸೇರು

ಕನ್ನಡ ನಾಡಿನಲ್ಲಿ ಅಳತೆಯ ಚರಿತ್ರೆ ಶಾಸನಗಳಷ್ಟೇ ಹಳೆಯದು. ಮಾನ, ಬಳ್ಳ, ಕೊಳಗ, ಖಂಡುಗ ಎಂಬ ಮಾತುಗಳು ದಾನಶಾಸನಗಳಲ್ಲಿ ಮತ್ತೆ ಮತ್ತೆ ಬರುತ್ತವೆ. ಆದರೆ ಒಂದು ಸೀಮೆಯ ಕೊಳಗ ಇನ್ನೊಂದು ಸೀಮೆಯ ಕೊಳಗಕ್ಕೆ ಸಮವಾಗಿರುತ್ತಿರಲಿಲ್ಲ.

ನಮ್ಮ ಕಲಬುರಗಿ ಜಿಲ್ಲೆಗೆ ಇನ್ನೂ ಒಂದು ತೊಡಕಿತ್ತು. 1948ರ ಸೆಪ್ಟೆಂಬರ್ 17ರವರೆಗೆ ನಾವು ನಿಜಾಮರ ಆಳ್ವಿಕೆಯಲ್ಲಿದ್ದೆವು. ಆಳಂದ, ಅಫಜಲಪುರದವರು ಗಡಿ ದಾಟಿದರೆ ಸೊಲ್ಲಾಪುರ ಸೀಮೆ, ಜೇವರ್ಗಿಯವರು ಪಶ್ಚಿಮಕ್ಕೆ ಹೋದರೆ ವಿಜಾಪುರ ಸೀಮೆ. ಅಲ್ಲಿ ಬ್ರಿಟಿಷರ ಮುಂಬಯಿ ಪ್ರಾಂತ್ಯ. ಇಲ್ಲಿ ನಡೆಯುತ್ತಿದ್ದದ್ದು ಹಾಲಿ ರೂಪಾಯಿ, ಅಲ್ಲಿ ಕಲ್ದಾರ್ ರೂಪಾಯಿ. ಏಳು ಹಾಲಿ ಕೊಟ್ಟರೆ ಆರು ಕಲ್ದಾರ್ ಎಂಬುದು ಅಧಿಕೃತ ಲೆಕ್ಕ.

ಇದು ಹಣದ ಮಾತು ಮಾತ್ರವಲ್ಲ, ತೂಕದ ಮಾತೂ ಹೌದು. ಕಲ್ದಾರ್ ಬೆಳ್ಳಿ ರೂಪಾಯಿಯ ತೂಕ ಸರಿಯಾಗಿ ಒಂದು ತೊಲ, ಅಂದರೆ 11.66 ಗ್ರಾಮ್. ಎಂಬತ್ತು ತೊಲಕ್ಕೆ ಒಂದು ಸೇರು, ನಲವತ್ತು ಸೇರಿಗೆ ಒಂದು ಮಣ. ಇದನ್ನೇ ಬ್ರಿಟಿಷ್ ಸರಕಾರ 1939ರ ಕಾನೂನಿನಲ್ಲಿ ಗಟ್ಟಿ ಮಾಡಿತು. ತೂಕದ ಗುಂಡು ಇಲ್ಲದವನು ರೂಪಾಯಿಗಳನ್ನೇ ತಟ್ಟೆಗೆ ಹಾಕಿ ತೂಗಬಹುದಿತ್ತು. ಆದರೆ ಹಾಲಿ ರೂಪಾಯಿ ಸುಮಾರು 11.18 ಗ್ರಾಮ್ ಮಾತ್ರ. ಎಂಬತ್ತು ಕಲ್ದಾರ್ ಹಾಕಿದರೆ 933 ಗ್ರಾಮ್, ಎಂಬತ್ತು ಹಾಲಿ ಹಾಕಿದರೆ 894 ಗ್ರಾಮ್. ಯಾರೂ ಮೋಸದ ನಿಯತ್ತು ಮಾಡದಿದ್ದರೂ ಕೊಳ್ಳುವವನ 39 ಗ್ರಾಮ್ ಹೋಗುತ್ತಿತ್ತು. ಇದೇ ನಾನು ಹೇಳಬೇಕಾದ ಮುಖ್ಯ ಮಾತು. ಹಕ್ಕು ಹೋಗಲು ನಿಯತ್ತು ಕೆಡಲೇಬೇಕೆಂದಿಲ್ಲ. ಮಾನದಂಡ ಕೆಟ್ಟರೂ ಸಾಕು.

ಕಿಲೋ ಬಂದ ಕಾಲ, ಅಜ್ಜನ ಕಲ್ಲು

1956ರ ನವೆಂಬರ್ 1ರಂದು ನಮ್ಮ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿತು. ಅದೇ ವರ್ಷ ಸಂಸತ್ತು ತೂಕ ಅಳತೆಗಳ ಕಾನೂನು ಮಾಡಿತು. 1957ರ ಏಪ್ರಿಲ್ 1ರಿಂದ ಆಣೆ ಹೋಗಿ ನಯಾ ಪೈಸೆ ಬಂತು. 1958ರ ಅಕ್ಟೋಬರ್‌ನಿಂದ ಕಿಲೋ, ಗ್ರಾಮ್ ಹಂತ ಹಂತವಾಗಿ ಬಂದವು, 1962ರ ಏಪ್ರಿಲ್‌ನಿಂದ ತೂಕಕ್ಕೆ ಅವೇ ಕಡ್ಡಾಯವಾದವು. ಐದಾರು ವರ್ಷಗಳಲ್ಲಿ ನಮ್ಮ ಹಿರಿಯರ ರಾಜ್ಯ ಬದಲಾಯಿತು, ರೊಕ್ಕ ಬದಲಾಯಿತು, ತೂಕವೂ ಬದಲಾಯಿತು.

ನನ್ನ ಅಜ್ಜ ಆಳಂದ ತಾಲೂಕಿನ ಒಂದು ಹಳ್ಳಿಯಲ್ಲಿ ಚಿಕ್ಕ ಕಿರಾಣಿ ಅಂಗಡಿ ಇಟ್ಟಿದ್ದರು. ತೊಗರಿಬೇಳೆ, ಬೆಲ್ಲ, ಉಪ್ಪು, ಮೆಣಸಿನಕಾಯಿ. ಕಿಲೋ ಕಡ್ಡಾಯವಾದಾಗ ಹೊಸ ಕಬ್ಬಿಣದ ಗುಂಡುಗಳು ಅವರ ಕೈಗೆ ಬರಲು ಮೂರು ವಾರ ತಡವಾಯಿತು. ಪೇಟೆಯಲ್ಲಿ ರೇಟು ಮಾತ್ರ ಕಿಲೋಗೆ ನಡೆಯುತ್ತಿತ್ತು. ಅಜ್ಜ ಏನು ಮಾಡಿದರೆಂದರೆ, ತಕ್ಕಡಿಗೆ ಹಳೆಯ ಸೇರುಕಲ್ಲನ್ನೇ ಹಾಕಿ, ಕಿಲೋ ರೇಟು ತೆಗೆದುಕೊಂಡರು. ಸೇರೂ ಕಿಲೋನೂ ಹೆಚ್ಚು ಕಡಿಮೆ ಒಂದೇ ಎಂದು ಯಾರೋ ಹೇಳಿದ್ದನ್ನು ನಂಬಿದ್ದರು. ಹೊಸ ಗುಂಡು ಬಂದ ದಿನ ಒಂದು ತಟ್ಟೆಯಲ್ಲಿ ಕಿಲೋ, ಇನ್ನೊಂದರಲ್ಲಿ ಸೇರುಕಲ್ಲು ಇಟ್ಟು ನೋಡಿದರು. ಕಿಲೋ ಕೆಳಗೆ ಕುಳಿತಿತು. 67 ಗ್ರಾಮ್ ಅಂತರ.

ಅಂದು ರಾತ್ರಿ ಅಜ್ಜ ಊಟ ಮಾಡಲಿಲ್ಲವಂತೆ. ಮೂರು ವಾರದಲ್ಲಿ ಯಾರು ಏನು ಒಯ್ದರೆಂಬ ಲೆಕ್ಕ ಅವರ ಹತ್ತಿರ ಇರಲಿಲ್ಲ. ನೆನಪಿದ್ದವರಿಗೆ ಬೆಲ್ಲ, ಬೇಳೆ ಮನೆಗೆ ಮುಟ್ಟಿಸಿದರು. ಉಳಿದದ್ದಕ್ಕೆ ಅಂದಾಜು ಹಿಡಿದು ಒಂದು ಚೀಲ ಜೋಳವನ್ನು, ಹಕ್ಕುದಾರರ ಹೆಸರಿನಲ್ಲಿ, ಊರಿನ ಬಡವರಿಗೆ ಹಂಚಿದರು. ಆ ಕಲ್ಲನ್ನು ಎಸೆಯಲಿಲ್ಲ. ಮನೆಯ ಗೂಡಿನಲ್ಲಿಟ್ಟು, "ಇದು ಕಣ್ಣಿಗಿ ಕಾಣ್ತಾ ಇರ್ಲಿ" ಎಂದರು. ಅಂದಿನಿಂದ ಅಂಗಡಿ ಮುಚ್ಚುವವರೆಗೆ ಅವರದು ಝುಕ್ತಾ ತೋಲ್. ಗಿರಾಕಿಯ ತಟ್ಟೆ ತಗ್ಗುವವರೆಗೆ ಕೈ ತೆಗೆಯುತ್ತಿರಲಿಲ್ಲ. ಇದನ್ನು ನನಗೆ ಹೇಳಿದವರು ನನ್ನ ಅಬ್ಬಾ.

ಸೇರು, ತೊಲ ಅಂಗಡಿಯಿಂದ ಹೋದರೂ ದೀನಿನ ಲೆಕ್ಕದಿಂದ ಹೋಗಿಲ್ಲ. ಝಕಾತಿನ ನಿಸಾಬ್‌ಗೆ ನಮ್ಮ ಉಲಮಾ ಈಗಲೂ ಐವತ್ತೆರಡೂವರೆ ತೊಲ ಬೆಳ್ಳಿ, ಏಳೂವರೆ ತೊಲ ಬಂಗಾರ ಎನ್ನುತ್ತಾರೆ. ಗ್ರಾಮಿನಲ್ಲಿ ಅದು 612.36 ಮತ್ತು 87.48. ಫಿತ್ರ್‌ಗೆ ಹನಫಿ ಮಝ್‌ಹಬ್‌ನಲ್ಲಿ ಅರ್ಧ ಸಾ ಗೋಧಿ. ಹಿಂದಿನವರು ಅದನ್ನು 'ಪೌನೇ ದೋ ಸೇರ್' ಎಂದು ಲೆಕ್ಕ ಹಾಕಿದರು. 933 ಗ್ರಾಮಿನ ಸೇರಿನಂತೆ ಅದು 1 ಕಿಲೋ 633 ಗ್ರಾಮ್. ಬೇರೆ ಉಲಮಾ ಎರಡು ಕಿಲೋಗಿಂತ ತುಸು ಹೆಚ್ಚು ಎಂದಿದ್ದಾರೆ. ನಿಮ್ಮ ಮಸೀದಿಯಲ್ಲಿ ಸಾರಿದಂತೆ ನಡೆಯಿರಿ. ಆದರೆ ಸೇರನ್ನೇ ಕಿಲೋ ಎಂದು ತಿಳಿದು, ಪೌನೇ ದೋ ಕಿಲೋ ಎಂದೋ ಡೇಢ್ ಕಿಲೋ ಎಂದೋ ಬಾಯಿಮಾತಿನಲ್ಲಿ ನಡೆಸಬೇಡಿ.

ಯಂತ್ರದ ಒಳಗೇನಿದೆ?

ಕಬ್ಬಿಣದ ಗುಂಡಿನ ಕಾಲದಲ್ಲೂ ಕೈಚಳಕವಿತ್ತು. ಗುಂಡಿನ ತಳದಲ್ಲಿ ಒಂದು ಕುಳಿ ಇರುತ್ತದೆ. ಅದರಲ್ಲಿ ಸೀಸ ತುಂಬಿ, ತೂಕ ಸರಿ ಮಾಡಿ, ಸರಕಾರದ ಮುದ್ರೆ ಒತ್ತುತ್ತಾರೆ. ಆ ಸೀಸವನ್ನೇ ಕೊರೆದು ತೆಗೆಯುವವರಿದ್ದರು. ತಟ್ಟೆಯ ಕೆಳಗೆ ಹುಣಸೆಹಣ್ಣು ಅಂಟಿಸುವವರಿದ್ದರು. ಡಿಜಿಟಲ್ ಕಾಂಟಾ ಬಂದಾಗ ಜನ ಸಮಾಧಾನಪಟ್ಟರು, ಇನ್ನು ಅಂಕಿ ಸುಳ್ಳು ಹೇಳುವುದಿಲ್ಲ ಎಂದು.

ಅಂಕಿ ಎಲ್ಲಿಂದ ಬರುತ್ತದೆ ಎಂದು ತಿಳಿಯೋಣ. ತಟ್ಟೆಯ ಕೆಳಗೆ ಅಲ್ಯೂಮಿನಿಯಂನ ಒಂದು ಗಟ್ಟಿ ಇರುತ್ತದೆ. ಅದಕ್ಕೆ ಲೋಡ್ ಸೆಲ್ ಎನ್ನುತ್ತಾರೆ. ಅದರ ಮೈಗೆ ಕೂದಲಿನಂಥ ತೆಳುವಾದ ಲೋಹದ ಎಳೆಗಳನ್ನು ಅಂಟಿಸಿರುತ್ತಾರೆ. ಭಾರ ಬಿದ್ದಾಗ ಗಟ್ಟಿ ಕಣ್ಣಿಗೆ ಕಾಣದಷ್ಟು ಬಾಗುತ್ತದೆ, ಎಳೆ ಹಿಗ್ಗುತ್ತದೆ, ಅದರಲ್ಲಿ ಹರಿಯುವ ವಿದ್ಯುತ್ತಿಗೆ ಅಡ್ಡಿ ಬದಲಾಗುತ್ತದೆ. ಆ ಬದಲಾವಣೆಯನ್ನು ಯಂತ್ರ ಅಂಕಿಯಾಗಿ ತೋರಿಸುತ್ತದೆ. 1938ರಲ್ಲಿ ಅಮೆರಿಕದ ಇಬ್ಬರು ತಂತ್ರಜ್ಞರು ಬೇರೆ ಬೇರೆಯಾಗಿ ಕಂಡುಹಿಡಿದ ಉಪಾಯ ಇದು.

ಹಳೆಯ ತಕ್ಕಡಿ ಎರಡು ವಸ್ತುಗಳನ್ನು ಎದುರುಬದುರು ಇಟ್ಟು ಹೋಲಿಸುತ್ತಿತ್ತು. ಡಿಜಿಟಲ್ ಕಾಂಟಾ ಹಾಗಲ್ಲ, ಅದು ತನ್ನ ನೆನಪಿನಿಂದ ಹೇಳುತ್ತದೆ. 'ಇಷ್ಟು ಬಾಗಿದರೆ ಒಂದು ಕಿಲೋ' ಎಂದು ಯಾರೋ ಕಲಿಸಿಕೊಟ್ಟ ಪಾಠ ಅದು. ಪಾಠ ತಪ್ಪಾದರೆ ಅಂಕಿಯೂ ತಪ್ಪು. ಭೂಮಿಯ ಸೆಳೆತ ಎಲ್ಲ ಕಡೆ ಒಂದೇ ಇಲ್ಲ. ದೆಹಲಿಯಲ್ಲಿ ಸರಿಪಡಿಸಿದ ಕಾಂಟಾ ನಮ್ಮ ಕಲಬುರಗಿಗೆ ಬಂದರೆ ಕಿಲೋಗೆ ಒಂದು ಗ್ರಾಮಿಗಿಂತ ತುಸು ಕಡಿಮೆ ವ್ಯತ್ಯಾಸ ತೋರಬಹುದು. ಆದ್ದರಿಂದ ಇಲ್ಲಿಯ ನಿಜವಾದ ಗುಂಡಿಟ್ಟು ಪರೀಕ್ಷಿಸಿ ಮುದ್ರೆ ಹಾಕಿಸಬೇಕು.

ಈಗ ನಡೆಯುತ್ತಿರುವ ಕಾನೂನು 2009ರದು, 2011ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಅದರಂತೆ ಗುಂಡುಗಳಿಗೆ, ಸಾದಾ ತಕ್ಕಡಿಗೆ ಎರಡು ವರ್ಷಕ್ಕೊಮ್ಮೆ, ಡಿಜಿಟಲ್ ಕಾಂಟಾಕ್ಕೆ ವರ್ಷಕ್ಕೊಮ್ಮೆ ಕಾನೂನು ಮಾಪನಶಾಸ್ತ್ರ ಇಲಾಖೆಯ ಪರೀಕ್ಷೆ ಮತ್ತು ಮುದ್ರೆ ಆಗಬೇಕು. ಯಂತ್ರ ಹೊಸದಾದಷ್ಟೂ ಪರೀಕ್ಷೆ ಹತ್ತಿರವಾಗಿದೆ ಎಂಬುದನ್ನು ಗಮನಿಸಿ. ಈ ಗುಂಡುಗಳ ಗುಂಡು ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದಲ್ಲಿದೆ, ಅದರ ಸಂಖ್ಯೆ 57. ಅದರ ತಾಯಿ ಪ್ಯಾರಿಸ್ ಬಳಿ 1889ರಿಂದ ಜಗತ್ತಿಗೆಲ್ಲ ಪ್ರಮಾಣವಾಗಿತ್ತು. ಆದರೆ ಲೋಹವೂ ಕಾಲಕ್ರಮದಲ್ಲಿ ಬದಲಾಗುತ್ತದೆಂದು 2019ರ ಮೇ 20ರಿಂದ ಕಿಲೋವನ್ನು ನಿಸರ್ಗದ ಒಂದು ಸ್ಥಿರ ಸಂಖ್ಯೆಗೆ ಕಟ್ಟಿದ್ದಾರೆ. ಆಕಾಶವನ್ನು ಎತ್ತಿ ನಿಲ್ಲಿಸಿದವನೇ ಮೀಝಾನನ್ನೂ ಇಟ್ಟನೆಂದು ಸೂರ ರಹ್ಮಾನ್ ನೆನಪಿಸುತ್ತದೆ. ಮನುಷ್ಯ ಸ್ಥಿರವಾದ ತೂಕವನ್ನು ಹುಡುಕುತ್ತ ಕೊನೆಗೆ ಸೃಷ್ಟಿಯ ನಿಯಮದ ಬಳಿಗೇ ಹೋಗಿ ನಿಂತಿದ್ದಾನೆ.

ಅಂಗಡಿಯವರಿಗೆ ನಾಲ್ಕು ಮಾತು

ಒಂದು, ಕಾಂಟಾದ ಮೇಲೆ ಬರೆದ ಮಿತಿ ಓದಿ. 30 ಕಿಲೋವರೆಗೆ ತೂಗುವ, ಐದು ಗ್ರಾಮಿನ ಹೆಜ್ಜೆಯಲ್ಲಿ ಅಂಕಿ ತೋರುವ ಅಂಗಡಿ ಕಾಂಟಾದಲ್ಲಿ 100 ಗ್ರಾಮಿಗಿಂತ ಕಡಿಮೆ ತೂಗಬಾರದು. 50 ಗ್ರಾಮ್ ಲವಂಗ, ಏಲಕ್ಕಿಯನ್ನು ಅದರ ಮೇಲೆ ತೂಗಿದರೆ ಹೆಜ್ಜೆಯ ಅರ್ಧ ತಪ್ಪಿದರೂ ನೂರಕ್ಕೆ ಐದು ಹೋಯಿತು. ಬೆಲೆಬಾಳುವ ಮಸಾಲೆಗೆ ಚಿಕ್ಕ ಹೆಜ್ಜೆಯ ಬೇರೆ ಕಾಂಟಾ ಇಡಿ.

ಎರಡು, ಕಾಂಟಾ ಸಮತಟ್ಟಾಗಿರಲಿ. ಅದರಲ್ಲಿರುವ ನೀರಿನ ಗುಳ್ಳೆ ನಡುವೆ ಇರಬೇಕು. ಫ್ಯಾನಿನ ಗಾಳಿ ನೇರ ಬೀಳದಿರಲಿ. ಸಾಮಾನು ಇಡುವ ಮೊದಲು ಸೊನ್ನೆ ಇದೆಯೇ ಎಂದು ನೀವೂ ನೋಡಿ, ಗಿರಾಕಿಗೂ ಕಾಣಲಿ. ಅಂಕಿ ನಿಲ್ಲುವ ಮೊದಲೇ ಎತ್ತಬೇಡಿ. ಅಶ್‌ಶೈಝರಿ ಹೇಳಿದ್ದೂ ಇದನ್ನೇ.

ಮೂರು, ಡಬ್ಬಿ, ಬುಟ್ಟಿ, ಚೀಲದ ತೂಕ ಕಳೆಯಿರಿ. ಅದಕ್ಕಾಗಿಯೇ 'ಟೇರ್' ಎಂಬ ಗುಂಡಿ ಇದೆ. ಖಾಲಿ ಡಬ್ಬಿ ಇಟ್ಟು ಅದನ್ನು ಒತ್ತಿದರೆ ಅಂಕಿ ಸೊನ್ನೆಗೆ ಬರುತ್ತದೆ. ಕಾನೂನು ಹೇಳುವುದು ಒಳಗಿನ ವಸ್ತುವಿನ ನಿವ್ವಳ ತೂಕ. ಡಬ್ಬಿಗೆ ಹಣ ಬೇಕಿದ್ದರೆ ಬಾಯಿಬಿಟ್ಟು ಕೇಳಿ, ಗಿರಾಕಿ ಒಪ್ಪಿದರೆ ಅದು ಹಲಾಲ್. ಖರ್ಜೂರದ ಬೆಲೆಗೆ ರಟ್ಟನ್ನು ಮಾರುವುದು ವ್ಯಾಪಾರವಲ್ಲ.

ನಾಲ್ಕು, ಚೀಟಿ ನಿಮ್ಮ ಸಾಕ್ಷಿ ಎಂದು ತಿಳಿಯಿರಿ. ಗಿರಾಕಿಯ ಎದುರಿಗೆ ತೂಗದೆ ಮೊದಲೇ ಕಟ್ಟಿಟ್ಟ ಪೊಟ್ಟಣದ ಮೇಲೆ ವಸ್ತುವಿನ ಹೆಸರು, ನಿವ್ವಳ ತೂಕ, ಬೆಲೆ, ಕಟ್ಟಿದ ತಿಂಗಳು, ಕಟ್ಟಿದವರ ವಿಳಾಸ ಇರಬೇಕು. 1977ರ ನಿಯಮಗಳ ಕಾಲದಿಂದ ಈ ಪದ್ಧತಿ ಇದೆ. ನಿನ್ನೆ ಕಟ್ಟಿದ್ದಕ್ಕೆ ಇಂದಿನ ತಾರೀಖಿನ ಚೀಟಿ ಅಂಟಿಸುವುದು, ಧಾನ್ಯದ ರಾಶಿಯಲ್ಲಿ ತೊಯ್ದ ಕಾಳನ್ನು ಕೆಳಗೆ ಮುಚ್ಚಿಟ್ಟಂತೆಯೇ. ಅಂಥ ರಾಶಿಯೊಳಗೆ ಪ್ರವಾದಿ(ಸ)ರು ಕೈ ಹಾಕಿ ನೋಡಿ, ಮೋಸ ಮಾಡುವವನು ನಮ್ಮವನಲ್ಲ ಎಂದು ಎಚ್ಚರಿಸಿದ್ದು ನಿಮಗೆ ಗೊತ್ತಿದೆ.

ರೈತರಿಂದ ತೊಗರಿ ಕೊಳ್ಳುವ ಸಹೋದರರಿಗೂ ಇದೇ ಮಾತು. ಮಾರುವಾಗ ಗ್ರಾಮ್ ಲೆಕ್ಕ, ಕೊಳ್ಳುವಾಗ ತೇವ, ಕಸ ಎಂದು ಹೇಳಿ ಚೀಲಕ್ಕೆ ಕಿಲೋ ಎರಡು ಕಿಲೋ ಮುರಿದುಕೊಳ್ಳುವ ಲೆಕ್ಕ. ಎರಡು ಕಾಂಟಾ ಇಟ್ಟವನ ಬಗ್ಗೆಯೇ ಆ ಅಧ್ಯಾಯ ಇಳಿದದ್ದು.

ಯುವಕನಿಗೆ ಕೊಟ್ಟ ಉತ್ತರ

ಮುಂದಿನ ಜುಮುಅದಂದು ಅವನು ಮತ್ತೆ ಬಂದ. ನಾನು ಹೇಳಿದೆ: "ಗೊತ್ತಿಲ್ಲದೆ ಆದದ್ದಕ್ಕೆ ಅಲ್ಲಾಹನು ಹಿಡಿಯುವುದಿಲ್ಲವೆಂದು ಆಶಿಸೋಣ. ಆದರೆ ಗೊತ್ತಿಲ್ಲದೆ ಬಂದ ರೊಕ್ಕವೂ ಇನ್ನೊಬ್ಬರದೇ. ಗುನಾಹ್ ಇಲ್ಲದಿದ್ದರೂ ಬಾಕಿ ಇದೆ. ಯಂತ್ರಕ್ಕೆ ಹಿಸಾಬ್ ಇಲ್ಲ, ಅದಕ್ಕೆ ಕಲಿಸಿದವನಿಗೆ ಇದೆ."

ಅವನು ತಲೆ ಬಗ್ಗಿಸಿ, "ಎಷ್ಟಂತ ಹ್ಯಾಂಗ ಗೊತ್ತಾಗಬೇಕು ಹಜರತ್?" ಎಂದ.

ನನ್ನ ಅಜ್ಜನಿಗೂ ಇದೇ ಪ್ರಶ್ನೆ ಬಂದಿತ್ತು, ಅವರ ಬಳಿ ಉತ್ತರವಿರಲಿಲ್ಲ. ಆದರೆ ಇವನ ಬಳಿ ಇತ್ತು. ಚೀಟಿ ಹೊಡೆಯುವ ಕಾಂಟಾ ಪ್ರತಿ ಮಾರಾಟವನ್ನೂ ಬರೆದಿಟ್ಟುಕೊಳ್ಳುತ್ತದೆ. ಇಬ್ಬರೂ ಅಂಗಡಿಗೆ ಹೋಗಿ ತೆಗೆಸಿದೆವು. ಸುಮಾರು 400 ಡಬ್ಬಿ. ಖಾಲಿ ಡಬ್ಬಿ ತೂಗಿದರೆ 60 ಗ್ರಾಮ್. ಹಳೆಯ ಲೆಕ್ಕದಲ್ಲಿ ಒಂದು ಚಟಾಕು. ಖರ್ಜೂರದ ಬೆಲೆ ಕಿಲೋಗೆ 400 ರೂಪಾಯಿ. ಒಂದು ಡಬ್ಬಿಗೆ 24 ರೂಪಾಯಿ ಎಂದರೆ ಯಾರಿಗೂ ಏನೂ ಅಲ್ಲ. 400 ಡಬ್ಬಿಗೆ 24 ಕಿಲೋ, 9,600 ರೂಪಾಯಿ. ತಫೀಫ್ ಎಂದರೆ ಏನೆಂದು ನನಗೆ ಮದ್ರಸದಲ್ಲಿ ಅರ್ಥವಾದದ್ದಕ್ಕಿಂತ ಹೆಚ್ಚಾಗಿ ಆ ಕಾಂಟಾದ ಮುಂದೆ ಅರ್ಥವಾಯಿತು.

ಗುರುತಿದ್ದ ಗಿರಾಕಿಗಳಿಗೆ ಅವನೇ ಹೋಗಿ ಹೇಳಿದ. ಕೆಲವರು ರೊಕ್ಕ ತೆಗೆದುಕೊಂಡರು, ಅದು ಅವರ ಹಕ್ಕು. ಹಲವರು ಮಾಫ್ ಮಾಡಿದರು. ನಮ್ಮ ಹಿಂದೂ ಸಹೋದರರೊಬ್ಬರು, "ಇಪ್ಪತ್ನಾಲ್ಕು ರೂಪಾಯಿಗಿ ಮನೀ ತನಕ ಬಂದ್ಯಲ್ಲಪ್ಪ" ಎಂದು ಚಹಾ ಕುಡಿಸಿ ಕಳಿಸಿದರಂತೆ. ಗುರುತು ಸಿಗದವರ ಪಾಲನ್ನು, ತನಗೆ ಪುಣ್ಯ ಬೇಡದೆ, ಅವರ ಹೆಸರಿನಲ್ಲಿ ಬಡವರಿಗೆ ಕೊಟ್ಟ.

ನಾನು ಗೂಡಿನಿಂದ ತೆಗೆದಿದ್ದ ಸೇರುಕಲ್ಲನ್ನು ಅಂದು ಜೊತೆಗೆ ಒಯ್ದಿದ್ದೆ. ಅವನ ಕಾಂಟಾದ ಮೇಲಿಟ್ಟೆ. 933 ಗ್ರಾಮಿನ ಆಸುಪಾಸು ತೋರಬೇಕಿತ್ತು. ತೋರಿದ್ದು 920. ಕಲ್ಲನ್ನು ತಿರುಗಿಸಿ ನೋಡಿದರೆ ಒಂದು ಅಂಚಿನಲ್ಲಿ ಚಕ್ಕೆ ಎದ್ದಿದೆ, ಆ ಗಾಯವೂ ನುಣುಪಾಗುವಷ್ಟು ಹಳೆಯದು. ಅಜ್ಜ ಪಶ್ಚಾತ್ತಾಪಪಟ್ಟು ತೀರಿಸಿದ್ದು 67 ಗ್ರಾಮಿನ ಲೆಕ್ಕ. ನಿಜವಾಗಿ ಹೋಗಿದ್ದದ್ದು ಬಹುಶಃ 80. ಪಾಪ, ಅವರಿಗೆ ಅದು ತಿಳಿಯಲೇ ಇಲ್ಲ. ಆ ಹದಿಮೂರು ಗ್ರಾಮಿನ ಬಾಕಿಯನ್ನು ಅಂದಾಜು ಮಾಡಿ, ಆ ಯುವಕನ ರೊಕ್ಕದ ಜೊತೆಗೆ ನಾನೂ ಸೇರಿಸಿದೆ. ಹಿರಿಯರ ಆಸ್ತಿಗೆ ವಾರಸುದಾರರಾಗುವ ನಾವು ಅವರ ಸಾಲಕ್ಕೂ ಆಗಬೇಕಲ್ಲವೇ?

ಹೊರಡುವಾಗ ಅವನು ಕೇಳಿದ, "ಹಜರತ್, ಇದರಾಗ ಝುಕ್ತಾ ತೋಲ್ ಹ್ಯಾಂಗ ಮಾಡ್ಬೇಕು? ಅಂಕಿ ತಗ್ಗಂಗಿಲ್ಲಲ್ಲ." ನಾನು ನಕ್ಕೆ. ಒಂದು ಕಿಲೋ ಎಂದು ತೋರಿದ ಮೇಲೆ, ಚೀಟಿ ಹೊಡೆದ ಮೇಲೆ, ನಾಲ್ಕು ಖರ್ಜೂರ ಮೇಲೆ ಹಾಕು ಎಂದೆ. ಅದು ಚೀಟಿಯಲ್ಲಿ ಬರುವುದಿಲ್ಲ. ಬರೆದುಕೊಳ್ಳುವವರು ಬೇರೆ ಇದ್ದಾರೆ.

ಅಲ್ಲಾಹನು ನಮ್ಮ ತಕ್ಕಡಿಗಳನ್ನು ಸರಿಯಾಗಿಡಲಿ, ನಮ್ಮ ಹಿರಿಯರ ತಿಳಿಯದ ತಪ್ಪುಗಳನ್ನು ಮನ್ನಿಸಲಿ, ಕರ್ಮಗಳನ್ನು ತೂಗುವ ದಿನ ನಮ್ಮ ತಟ್ಟೆಯನ್ನು ತನ್ನ ಕರುಣೆಯಿಂದ ಭಾರವಾಗಿಸಲಿ. ಆಮೀನ್.